ಪಂಜರದ ಹಕ್ಕಿಯ ಉಗುರು: ಕತ್ತರಿಸುವ ಮುನ್ನ ಅಂಗಾಲು ನೋಡಿ

ಬೆಂಗಳೂರು: ಶಿವಾಜಿನಗರದ ರಸೆಲ್ ಮಾರುಕಟ್ಟೆಯ ಸುತ್ತಮುತ್ತಲಿನ ಅಂಗಡಿಗಳಿಂದ ಜೋಡಿ ಲೆಕ್ಕದಲ್ಲಿ ಮನೆ ಸೇರುವ ಹಸಿರು, ನೀಲಿ, ಹಳದಿ ಬಣ್ಣದ ಪುಟ್ಟ ಹಕ್ಕಿಗಳನ್ನು ನಗರವಾಸಿಗಳು ‘ಲವ್ ಬರ್ಡ್ಸ್’ ಎಂದೇ ಕರೆಯುವುದು ರೂಢಿ. ವಾಸ್ತವದಲ್ಲಿ ಅವು ಬಡ್ಜರಿಗಾರ್ ಎಂಬ ಆಸ್ಟ್ರೇಲಿಯಾ ಮೂಲದ ಗಿಳಿಗಳು. ನಿಜವಾದ ಲವ್ ಬರ್ಡ್ ಆಫ್ರಿಕಾ ಮೂಲದ, ಮೊಂಡು ಬಾಲದ ಬೇರೆಯೇ ಹಕ್ಕಿ. ತಲೆಯ ಮೇಲೆ ಜುಟ್ಟು, ಕೆನ್ನೆಯಲ್ಲಿ ಕಿತ್ತಳೆ ಬಣ್ಣದ ಬೊಟ್ಟು ಹೊತ್ತ ಕಾಕಟೀಲ್ ಕೂಡ ಇತ್ತೀಚಿನ ವರ್ಷಗಳಲ್ಲಿ ಅಪಾರ್ಟ್‌ಮೆಂಟ್‌ಗಳ ಬಾಲ್ಕನಿಯಲ್ಲಿ ಸಾಮಾನ್ಯವಾಗಿದೆ. ಹೆಸರು ಏನೇ ಇರಲಿ, ಈ ಹಕ್ಕಿಗಳಿಗೆ ಕಾಳು ಹಾಕುವವರಿದ್ದಾರೆ, ನೀರು ಬದಲಿಸುವವರಿದ್ದಾರೆ, ಮಾತು ಕಲಿಸಲು ಹೆಣಗುವವರೂ ಇದ್ದಾರೆ. ಅವುಗಳ ಪಾದವನ್ನು ತಿರುವಿ ನೋಡುವವರು ಮಾತ್ರ ವಿರಳ.

ಪಂಜರದ ತಂತಿಗೋ ಹೊದಿಸಿದ ಬಟ್ಟೆಯ ನೂಲಿಗೋ ಉಗುರು ಸಿಕ್ಕಿ ಹಕ್ಕಿ ತಲೆಕೆಳಗಾಗಿ ಒದ್ದಾಡಿದ ದಿನ ಮನೆಮಂದಿ ಎಚ್ಚೆತ್ತುಕೊಳ್ಳುತ್ತಾರೆ. ಒಬ್ಬರು ಹಕ್ಕಿಯನ್ನು ಮುಷ್ಟಿಯಲ್ಲಿ ಹಿಡಿಯುತ್ತಾರೆ, ಇನ್ನೊಬ್ಬರು ನೇಲ್ ಕಟರ್ ತರುತ್ತಾರೆ. ಹಕ್ಕಿ ಚೀರುತ್ತದೆ, ಕಚ್ಚುತ್ತದೆ, ಕಾಲನ್ನು ಎಳೆದುಕೊಳ್ಳುತ್ತದೆ. ಕಟರ್ ಕಚಕ್ ಎಂದೊಡನೆ ರಕ್ತ. ಮನುಷ್ಯರ ಬೆರಳಿನಲ್ಲಾದರೆ ಚೀಪಿ ಮರೆತುಬಿಡಬಹುದಾದ ಗಾಯವಿದು. ಹಕ್ಕಿಯ ಲೆಕ್ಕವೇ ಬೇರೆ.

ಸಾಮಾನ್ಯ ಬಡ್ಜರಿಗಾರ್ ತೂಗುವುದು 30ರಿಂದ 40 ಗ್ರಾಂ. ಅದರ ಮೈಯಲ್ಲಿರುವ ಒಟ್ಟು ರಕ್ತ ತೂಕದ ಹತ್ತನೇ ಒಂದು ಭಾಗ, ಅಂದರೆ ಮೂರು-ನಾಲ್ಕು ಮಿಲಿಲೀಟರ್. ಒಂದು ಟೀ ಚಮಚವೂ ತುಂಬದಷ್ಟು. ಆರೋಗ್ಯವಂತ ಹಕ್ಕಿಯಿಂದ ಪರೀಕ್ಷೆಗೆಂದು ರಕ್ತ ತೆಗೆಯುವಾಗಲೂ ಅದರ ತೂಕದ ಶೇ. 1ನ್ನು ಮೀರಬಾರದೆಂಬುದು ಪಶುವೈದ್ಯರು ಅನುಸರಿಸುವ ಮಿತಿ. 35 ಗ್ರಾಂ ತೂಕದ ಹಕ್ಕಿಗೆ ಇದು ಸುಮಾರು ಏಳು ಹನಿ. ಒಂದು ಉಗುರನ್ನು ತೀರಾ ಒಳಗೆ ಕತ್ತರಿಸಿ, ರಕ್ತ ನಿಲ್ಲದೆ ತೊಟ್ಟಿಕ್ಕಲು ಬಿಟ್ಟರೆ ಏಳು ಹನಿ ದಾಟಲು ಬಹಳ ಹೊತ್ತು ಬೇಕಿಲ್ಲ.

ಹಾಗೆಂದು ಉಗುರನ್ನು ಮುಟ್ಟಲೇಬಾರದು ಎಂದಲ್ಲ. ಕಾಲು ಮುಟ್ಟಗೊಡದ ಹಕ್ಕಿಯನ್ನು ‘ಹಟಮಾರಿ’ ಎಂದು ಬಗೆದು ಬಲವಂತಕ್ಕೆ ಇಳಿಯುವ ಮುನ್ನ, ಅದು ಕಾಲನ್ನು ಯಾಕೆ ಎಳೆದುಕೊಳ್ಳುತ್ತಿದೆ ಎಂದು ವಿಚಾರಿಸಬೇಕು ಎಂಬುದಷ್ಟೇ. ಉಗುರನ್ನು ಅತಿಯಾಗಿ ಬೆಳೆಸುವ ಕಾರಣಗಳೇ ಬಹುಪಾಲು ಅಂಗಾಲನ್ನೂ ನೋಯಿಸಿರುತ್ತವೆ.

ಎರಡು ಮುಂದೆ, ಎರಡು ಹಿಂದೆ

ಗಿಳಿ ಜಾತಿಯ ಹಕ್ಕಿಗಳ ಪಾದದಲ್ಲಿ ಎರಡು ಬೆರಳು ಮುಂದಕ್ಕೆ, ಎರಡು ಹಿಂದಕ್ಕೆ ಚಾಚಿರುತ್ತವೆ. ಗುಬ್ಬಚ್ಚಿ, ಫಿಂಚ್‌ಗಳಲ್ಲಿ ಮೂರು ಮುಂದೆ, ಒಂದು ಹಿಂದೆ. ಪ್ರತಿ ಬೆರಳ ತುದಿಯ ಉಗುರಿನೊಳಗೆ ರಕ್ತನಾಳವೂ ನರವೂ ಇರುವ ಜೀವಂತ ಭಾಗವೊಂದಿದೆ. ಅದರ ಸುತ್ತಲಿನ ಕವಚ, ನಮ್ಮ ಉಗುರಿನಂತೆಯೇ, ನಿರ್ಜೀವ. ತಿಳಿ ಬಣ್ಣದ ಉಗುರಿನಲ್ಲಿ ಆ ಜೀವಭಾಗ ನಸುಗೆಂಪು ಗೆರೆಯಾಗಿ ಕಾಣಿಸುತ್ತದೆ. ಕಪ್ಪು ಉಗುರಿನಲ್ಲಿ ಕಾಣಿಸುವುದಿಲ್ಲ. ಹಿಂಬದಿಯಿಂದ ಟಾರ್ಚ್ ಬೆಳಕು ಹಾಯಿಸಿದರೆ ಕೆಲವೊಮ್ಮೆ ಅಂದಾಜು ಸಿಗಬಹುದು, ಆದರೆ ನಂಬಿಕೊಳ್ಳುವಂತಿಲ್ಲ.

ಹಕ್ಕಿಯ ಕಾಲು ಕೂರಲು ಮಾತ್ರ ಇರುವ ಅಂಗವಲ್ಲ. ಕೊಂಬೆಯ ಸಣ್ಣ ಕಂಪನವನ್ನೂ ಗ್ರಹಿಸುವ ನರತುದಿಗಳು ಅದರಲ್ಲಿವೆ. ಕತ್ತಲಲ್ಲಿ ಶತ್ರು ಕೊಂಬೆಯೇರಿದ ಸುದ್ದಿ ಹಕ್ಕಿಗೆ ಮೊದಲು ತಲುಪುವುದು ಕಾಲಿನ ಮೂಲಕವೇ. ಆದ್ದರಿಂದ ಏನೂ ಕಾಯಿಲೆಯಿಲ್ಲದ ಹಕ್ಕಿಯೂ ಪಾದ ಹಿಡಿದರೆ ಗಾಬರಿಯಾಗುವುದು ಸಹಜ. ಇದರ ಮೇಲೆ ನೋವೂ ಸೇರಿದರೆ ಅದರ ಪ್ರತಿರೋಧ ಬೇರೆಯೇ ಆಗಿರುತ್ತದೆ. ಕೂತಲ್ಲೇ ಒಂದು ಕಾಲಿನಿಂದ ಇನ್ನೊಂದಕ್ಕೆ ಪದೇ ಪದೇ ಭಾರ ಬದಲಿಸುವುದು, ಹಗಲಲ್ಲೂ ಒಂದೇ ಕಾಲನ್ನು ಎತ್ತಿ ಹಿಡಿಯುವುದು, ಕಡ್ಡಿ ಬಿಟ್ಟು ಪಂಜರದ ನೆಲದಲ್ಲಿ ಕೂರುವುದು, ಬೆರಳನ್ನು ಕಡಿದುಕೊಳ್ಳುವುದು ಇವೆಲ್ಲ ನೋವಿನ ಕುರುಹುಗಳು. ವಿಶ್ರಮಿಸುವಾಗ ಒಂಟಿ ಕಾಲಲ್ಲಿ ನಿಲ್ಲುವುದು ಹಕ್ಕಿಗಳ ಸ್ವಭಾವವೇ ಆಗಿರುವುದರಿಂದ, ಎತ್ತಿಕೊಂಡದ್ದು ಯಾವಾಗಲೂ ಅದೇ ಕಾಲೇ ಎಂಬುದನ್ನು ಗಮನಿಸಬೇಕು.

ಉಗುರು ನಿಜಕ್ಕೂ ಉದ್ದವಾಗಿದೆಯೇ ಎಂದು ತಿಳಿಯಲು ಸುಲಭ ಉಪಾಯವಿದೆ. ಹಕ್ಕಿ ಸಮತಟ್ಟಾದ ಮೇಜಿನ ಮೇಲೆ ನಿಂತಾಗ ಬೆರಳುಗಳು ಚಪ್ಪಟೆಯಾಗಿ ಊರಿರಬೇಕು. ಉಗುರು ಬೆರಳ ತುದಿಯನ್ನು ಮೇಲಕ್ಕೆ ಎತ್ತಿದ್ದರೆ ಅಥವಾ ಪಕ್ಕಕ್ಕೆ ತಿರುಚಿದ್ದರೆ ಅದು ಉದ್ದವಾಗಿದೆ ಎಂದರ್ಥ. ಹೀಗೆ ಎತ್ತಿದ ಬೆರಳು ತನ್ನ ಪಾಲಿನ ಭಾರ ಹೊರುವುದಿಲ್ಲ. ಆ ಭಾರವೆಲ್ಲ ಅಂಗಾಲಿನ ನಡುಭಾಗಕ್ಕೆ ಬಿದ್ದು ಅಲ್ಲಿನ ಚರ್ಮ ಸವೆಯುತ್ತದೆ. ಉದ್ದ ಉಗುರು ಅಂಗಾಲು ಹುಣ್ಣಿಗೆ ದಾರಿ ಮಾಡುವುದು ಹೀಗೆ.

ದೋಷ ಕಡ್ಡಿಯಲ್ಲಿದೆ

ಬಡ್ಜರಿಗಾರ್‌ಗಳನ್ನು ಆಸ್ಟ್ರೇಲಿಯಾದಿಂದ ಜೀವಂತವಾಗಿ ಇಂಗ್ಲೆಂಡಿಗೆ ಕೊಂಡೊಯ್ದವರು ಪಕ್ಷಿತಜ್ಞ ಜಾನ್ ಗೌಲ್ಡ್, 1840ರಲ್ಲಿ. ಅಂದಿನಿಂದ ಪಂಜರದಲ್ಲೇ ಹುಟ್ಟಿ ಪಂಜರದಲ್ಲೇ ಸಾಯುವ ತಲೆಮಾರುಗಳು ಎಷ್ಟೋ ಕಳೆದಿವೆ. ಆದರೂ ಆ ಪಾದ ರೂಪುಗೊಂಡದ್ದು ಒಳನಾಡಿನ ಒಣ ಹುಲ್ಲುಗಾವಲಿಗೆ. ಅಲ್ಲಿ ಹಕ್ಕಿ ದಿನದ ಹೆಚ್ಚಿನ ಹೊತ್ತು ನೆಲದ ಮೇಲೆ ನಡೆಯುತ್ತಾ ಹುಲ್ಲಿನ ಬೀಜ ಹೆಕ್ಕುತ್ತದೆ, ದಪ್ಪ ಸಣ್ಣ ಎನ್ನದೆ ಹತ್ತು ಬಗೆಯ ಕೊಂಬೆಗಳ ಮೇಲೆ ಕೂರುತ್ತದೆ. ಉಗುರು ಬೆಳೆದಷ್ಟೂ ಸವೆಯುತ್ತದೆ.

ಅಂಗಡಿಯ ಪಂಜರದೊಂದಿಗೆ ಬರುವುದು ನುಣುಪಾದ ಎರಡು ಪ್ಲಾಸ್ಟಿಕ್ ಅಥವಾ ಮರದ ಕಡ್ಡಿ. ಆರಂಭದಿಂದ ತುದಿಯವರೆಗೆ ಒಂದೇ ದಪ್ಪ. ವರ್ಷವಿಡೀ, ಹಗಲು ರಾತ್ರಿ, ಅಂಗಾಲಿನ ಅದೇ ಜಾಗಕ್ಕೆ ಅದೇ ಒತ್ತಡ. ಕಡ್ಡಿ ತೆಳುವಾಗಿದ್ದರೆ ಬೆರಳು ಅದನ್ನು ಪೂರ್ತಿ ಸುತ್ತಿಕೊಂಡು ಉಗುರು ಎಲ್ಲಿಯೂ ತಾಗುವುದೇ ಇಲ್ಲ. ತಾಗದ ಉಗುರು ಸವೆಯುವುದೆಂತು?

ಇದಕ್ಕೆ ಪರಿಹಾರವೆಂದು ಮಾರಾಟವಾಗುವ ಮರಳು ಕಾಗದದ ಕವಚ ಇನ್ನೂ ಕೆಟ್ಟದ್ದು. ಕಡ್ಡಿಗೆ ತೊಡಿಸುವ ಈ ಉಪ್ಪುಕಾಗದ ಉಗುರಿನ ತುದಿಯನ್ನು ಸವೆಸುವುದು ಅತ್ಯಲ್ಪ, ಆದರೆ ಅಂಗಾಲಿನ ಚರ್ಮವನ್ನು ಮಾತ್ರ ದಿನವೂ ಉಜ್ಜುತ್ತದೆ. ಸೂಕ್ಷ್ಮ ಪಾದದ ಹಕ್ಕಿಗೆ ಅದನ್ನು ಹಾಕಿದ್ದರೆ ಇಂದೇ ತೆಗೆಯುವುದು ಒಳಿತು. ಒರಟು ಸಿಮೆಂಟ್ ಕಡ್ಡಿಯನ್ನು ಒಂದು ಕಡೆ ಇಡಬಹುದಾದರೂ ಅದು ಹಕ್ಕಿ ಅಲ್ಪ ಹೊತ್ತು ನಿಲ್ಲುವ ಜಾಗದಲ್ಲಿರಬೇಕೇ ಹೊರತು ರಾತ್ರಿ ಮಲಗುವಲ್ಲಲ್ಲ. ಅಂಗಾಲು ಈಗಾಗಲೇ ಕೆಂಪಾಗಿದ್ದರೆ ಅದೂ ಬೇಡ.

ಬೇಕಾದದ್ದು ಸೀಬೆ ಅಥವಾ ಬೇವಿನ ಕೊಂಬೆ. ತೊಗಟೆ ಸಹಿತ, ಅಂಕುಡೊಂಕಾಗಿ, ಕಿರುಬೆರಳಿನ ದಪ್ಪದಿಂದ ಹೆಬ್ಬೆರಳಿನ ದಪ್ಪದವರೆಗೆ ಮೂರ್ನಾಲ್ಕು ಬಗೆಯವು. ಹಕ್ಕಿ ಕೂತಾಗ ಬೆರಳುಗಳು ಕೊಂಬೆಯನ್ನು ಮುಕ್ಕಾಲು ಭಾಗ ಬಳಸಿರಬೇಕು, ಹಿಂದಿನ ಉಗುರು ಮುಂದಿನದಕ್ಕೆ ತಾಗಬಾರದು. ಕೀಟನಾಶಕ ಸಿಂಪಡಿಸಿದ ತೋಟದ, ವಾಹನಗಳ ಹೊಗೆ ತಿಂದ ರಸ್ತೆ ಬದಿಯ ಮರದ ಕೊಂಬೆ ಬೇಡ. ಕಣಗಿಲೆ ವಿಷ, ಬೆಣ್ಣೆಹಣ್ಣೂ ಹಕ್ಕಿಗಳಿಗೆ ವಿಷ. ಇವುಗಳ ಕಡ್ಡಿ, ಎಲೆ ಯಾವುದೂ ಪಂಜರ ಸೇರಕೂಡದು. ತಂದ ಕೊಂಬೆಯನ್ನು ಚೆನ್ನಾಗಿ ತೊಳೆದು ಬಿಸಿಲಿನಲ್ಲಿ ಒಣಗಿಸಿ ಕಟ್ಟಿದರೆ ಖರ್ಚೂ ಇಲ್ಲ. ಇಂತಹ ಕೊಂಬೆಗಳ ಮೇಲೆ ಓಡಾಡುವ ಎಷ್ಟೋ ಹಕ್ಕಿಗಳಿಗೆ ಉಗುರು ಕತ್ತರಿಸುವ ಪ್ರಸಂಗವೇ ಬರುವುದಿಲ್ಲ.

ಅಂಗಾಲು ಹುಣ್ಣು, ಯಕೃತ್ತಿನ ದೋಷ

ಆರೋಗ್ಯವಾದ ಅಂಗಾಲಿನ ಚರ್ಮದಲ್ಲಿ ಸಣ್ಣ ಸಣ್ಣ ಉಬ್ಬುಗಳಿರುತ್ತವೆ. ಅವು ಸವೆದು ಚರ್ಮ ನುಣುಪಾಗಿ, ಹೊಳೆಯುವ ಕೆಂಪು ಬಣ್ಣಕ್ಕೆ ತಿರುಗುವುದು ಹುಣ್ಣಿನ ಮೊದಲ ಹೆಜ್ಜೆ. ಬಂಬಲ್‌ಫೂಟ್ ಎಂಬ ಹೆಸರಿನ ಈ ಕಾಯಿಲೆ ಮುಂದುವರಿದಂತೆ ಚರ್ಮ ಬಿರಿದು, ಬ್ಯಾಕ್ಟೀರಿಯಾ ಒಳಸೇರಿ, ಕಪ್ಪು ಹೊಪ್ಪಳೆ ಕಟ್ಟಿ, ಕೊನೆಗೆ ಸ್ನಾಯುರಜ್ಜು ಹಾಗೂ ಎಲುಬಿನವರೆಗೂ ಇಳಿಯುತ್ತದೆ. ಕೆಂಪಾದ ಹಂತದಲ್ಲಿ ಕಡ್ಡಿ ಮತ್ತು ಆಹಾರ ಬದಲಿಸಿದರೆ ಸಾಕಾಗಬಹುದು. ಎಲುಬಿಗೆ ಇಳಿದ ಮೇಲೆ ವಾರಗಟ್ಟಲೆ ಚಿಕಿತ್ಸೆ ನಡೆದರೂ ಫಲ ಅನಿಶ್ಚಿತ. ಒಂದು ಕಾಲು ಕುಂಟಾದ ಹಕ್ಕಿಯಲ್ಲಿ ಇಡೀ ಭಾರ ಹೊರುವ ‘ಒಳ್ಳೆಯ’ ಕಾಲಿಗೇ ಹುಣ್ಣಾಗುವುದೂ ಉಂಟು. ಮಾಲೀಕರ ಗಮನವೆಲ್ಲ ಕುಂಟು ಕಾಲಿನ ಮೇಲಿರುವುದರಿಂದ ಇದು ಕಣ್ತಪ್ಪುತ್ತದೆ.

ಆಹಾರದ ಮಾತು ಬಂದದ್ದು ಸುಮ್ಮನಲ್ಲ. ನವಣೆ, ಸೂರ್ಯಕಾಂತಿ ಬೀಜವೇ ಸರ್ವಸ್ವವಾದ ಹಕ್ಕಿಗೆ ಎ ಜೀವಸತ್ವದ ಕೊರತೆ ಕಟ್ಟಿಟ್ಟದ್ದು. ಆ ಕೊರತೆಯಿಂದ ಅಂಗಾಲಿನ ಚರ್ಮ ದಪ್ಪಗಟ್ಟಿ ಬೇಗ ಬಿರಿಯುತ್ತದೆ. ನುಗ್ಗೆ ಸೊಪ್ಪು, ಕ್ಯಾರೆಟ್, ಸಿಹಿಗುಂಬಳ, ಕೊತ್ತಂಬರಿ ಸೊಪ್ಪು ಇವು ಯಾವ ಸಂತೆಯಲ್ಲೂ ಸಿಗುತ್ತವೆ. ಬೀಜಕ್ಕೆ ಒಗ್ಗಿದ ಹಕ್ಕಿ ಮೊದಲ ದಿನ ಇವುಗಳನ್ನು ಮೂಸಿಯೂ ನೋಡದಿದ್ದರೆ ಬೇಸರಿಸದೆ ದಿನವೂ ಇಡುತ್ತಾ ಹೋಗಬೇಕು.

ಕೊಬ್ಬಿನ ಬೀಜ ತಿಂದು, ಹಾರಾಟವಿಲ್ಲದೆ ಕೂತ ಬಡ್ಜರಿಗಾರ್‌ಗಳಲ್ಲಿ ಇನ್ನೊಂದು ಗಂಭೀರ ತೊಂದರೆ ಕಾಣಿಸುತ್ತದೆ: ಯಕೃತ್ತಿನಲ್ಲಿ ಕೊಬ್ಬು ತುಂಬಿಕೊಳ್ಳುವುದು. ಉಗುರು, ಕೊಕ್ಕು ಎರಡೂ ಅಸಹಜ ವೇಗದಲ್ಲಿ ಬೆಳೆಯುವುದು, ಅವುಗಳ ಮೇಲೆ ಒಳಗೇ ರಕ್ತ ಕಟ್ಟಿದಂತೆ ಕಪ್ಪು ಕಲೆಗಳು ಮೂಡುವುದು ಇದರ ಲಕ್ಷಣ. ರಕ್ತ ಹೆಪ್ಪುಗಟ್ಟಿಸುವ ಅಂಶಗಳು ತಯಾರಾಗುವುದು ಯಕೃತ್ತಿನಲ್ಲೇ. ಅದು ಹಾಳಾಗಿದ್ದರೆ ಉಗುರಿನಿಂದ ಬಂದ ರಕ್ತ ಸುಲಭವಾಗಿ ನಿಲ್ಲುವುದಿಲ್ಲ. ಅಂದರೆ ಅತಿಯಾಗಿ ಉಗುರು ಬೆಳೆಸಿಕೊಂಡ ಹಕ್ಕಿಯೇ ಉಗುರು ಕತ್ತರಿಸಲು ಅತ್ಯಂತ ಅಪಾಯಕಾರಿಯಾದ ಹಕ್ಕಿಯಾಗಿರಬಹುದು. ಕೊಕ್ಕೂ ಉಗುರೂ ಒಟ್ಟಿಗೆ ಬೆಳೆದಿದ್ದರೆ ಮನೆಯಲ್ಲಿ ಕತ್ತರಿ ಹಿಡಿಯದೆ ನೇರ ಪಶುವೈದ್ಯರ ಬಳಿ ಹೋಗಬೇಕು ಎನ್ನುವುದು ಇದೇ ಕಾರಣಕ್ಕೆ.

ಕೊಕ್ಕಿನ ಬುಡದಲ್ಲೂ ಕಾಲಿನಲ್ಲೂ ಸಣ್ಣ ಸಣ್ಣ ರಂಧ್ರಗಳ ಬೂದು ಹಕ್ಕಳೆ ಕಂಡರೆ ಅದು ಚರ್ಮ ಕೊರೆಯುವ ನುಸಿಯ ಕೆಲಸ. ಬೆರಳ ಗಂಟುಗಳಲ್ಲಿ ಬಿಳಿ-ಹಳದಿ ಗುಳ್ಳೆಗಳಿದ್ದು ಮುಟ್ಟಿದರೆ ಚೀರುವಂತಿದ್ದರೆ ಮೂತ್ರಪಿಂಡದ ದೋಷದಿಂದ ಬರುವ ಗೌಟ್ ಇರಬಹುದು. ಕಾಲಿಗೆ ಹಾಕಿದ ಗುರುತಿನ ಉಂಗುರ ಬಿಗಿದು ಊತ ಬಂದಿರುವುದೂ ಇದೆ. ಈ ಮೂರಕ್ಕೂ ಮನೆಮದ್ದಿಲ್ಲ, ಉಂಗುರವನ್ನು ಮನೆಯ ಇಕ್ಕಳದಿಂದ ಕತ್ತರಿಸಲು ಹೋಗಿ ಕಾಲೇ ಮುರಿದೀತು.

ಉಸಿರು ಕಟ್ಟದಂತೆ ಹಿಡಿಯುವುದು

ಇವು ಯಾವುವೂ ಇಲ್ಲ, ಹಕ್ಕಿ ಲವಲವಿಕೆಯಿಂದಿದೆ, ಉಗುರಷ್ಟೇ ತುಸು ಉದ್ದವಾಗಿದೆ ಎಂದಾದರೆ ಮನೆಯಲ್ಲೇ ತುದಿ ತೆಗೆಯಬಹುದು. ಮೊದಲ ಬಾರಿ ಪಶುವೈದ್ಯರು ಮಾಡುವುದನ್ನು ನೋಡಿ ಕಲಿತಿದ್ದರೆ ಕ್ಷೇಮ.

ಹಕ್ಕಿಗಳಿಗೆ ನಮ್ಮಂತೆ ವಪೆ ಇಲ್ಲ. ಎದೆಯ ಎಲುಬು ಮುಂದಕ್ಕೆ ಹಿಂದಕ್ಕೆ ಆಡಿದರೆ ಮಾತ್ರ ಅವು ಉಸಿರಾಡಬಲ್ಲವು. ಮೂಗು ಬಾಯಿ ತೆರೆದೇ ಇದ್ದರೂ ಎದೆಯನ್ನು ಬಿಗಿಯಾಗಿ ಹಿಡಿದರೆ ಹಕ್ಕಿ ಕೈಯಲ್ಲೇ ಉಸಿರುಗಟ್ಟಿ ಸಾಯುತ್ತದೆ. ಉಗುರು ಕತ್ತರಿಸುವಾಗ ‘ಹೆದರಿ ಸತ್ತಿತು’ ಎನ್ನಲಾಗುವ ಹಕ್ಕಿಗಳ ಪೈಕಿ ಇಂಥವೂ ಸೇರಿರುತ್ತವೆ. ಆದ್ದರಿಂದ ಹಿಡಿತ ಇರಬೇಕಾದದ್ದು ತಲೆಯ ಬಳಿ. ಹಕ್ಕಿಯ ಬೆನ್ನು ಅಂಗೈಗೆ ತಾಗಿರಲಿ, ಹೆಬ್ಬೆರಳು ಮತ್ತು ತೋರುಬೆರಳು ದವಡೆಯ ಎರಡೂ ಬದಿಯಲ್ಲಿ ಮೃದುವಾಗಿ ನಿಲ್ಲಲಿ, ಎದೆಯ ಮೇಲೆ ಯಾವ ಬೆರಳೂ ಒತ್ತಬಾರದು. ತೆಳುವಾದ ಹಳೆಯ ಹತ್ತಿ ಬಟ್ಟೆಯಲ್ಲಿ ಸಡಿಲವಾಗಿ ಸುತ್ತಿಕೊಳ್ಳಬಹುದು. ಎಳೆ ಎದ್ದ ಟರ್ಕಿ ಟವೆಲ್ ಬೇಡ, ಉಗುರು ಅದಕ್ಕೇ ಸಿಕ್ಕಿಕೊಳ್ಳುತ್ತದೆ.

ಕೆಲಸ ಬೆಳಗಿನ ಹೊತ್ತು ಆಗಬೇಕು. ರಕ್ತ ಬಂದರೆ ಇಡೀ ಹಗಲು ಕಣ್ಣಿಡಬಹುದು, ಆಸ್ಪತ್ರೆಯೂ ತೆರೆದಿರುತ್ತದೆ. ಹಕ್ಕಿ ಹೊಟ್ಟೆ ತುಂಬ ತಿಂದ ಕೂಡಲೇ ಹಿಡಿಯಬಾರದು. ಕಿಟಕಿ ಬಾಗಿಲು ಮುಚ್ಚಿ, ಸೀಲಿಂಗ್ ಫ್ಯಾನ್ ಆರಿಸಿರಬೇಕು. ಕೈತಪ್ಪಿ ಹಾರಿದ ಹಕ್ಕಿ ತಿರುಗುವ ರೆಕ್ಕೆಗೆ ಬಡಿದರೆ ಉಗುರಿನ ಚಿಂತೆಯೇ ಉಳಿಯುವುದಿಲ್ಲ. ಒಬ್ಬರು ಹಿಡಿಯಲು, ಒಬ್ಬರು ಕತ್ತರಿಸಲು. ಸಣ್ಣ ಹಕ್ಕಿಗೆ ಮಕ್ಕಳ ನೇಲ್ ಕಟರ್ ಸಾಕು.

ಕತ್ತರಿಸುವ ಬೆರಳನ್ನು ಉಗುರಿಗೆ ಹತ್ತಿರದ ಗೆಣ್ಣಿನಲ್ಲಿ ಆಧರಿಸಿ ಹಿಡಿಯಬೇಕು. ಕಾಲನ್ನು ಹೊರಗೆ ಎಳೆಯಬಾರದು; ಹಕ್ಕಿ ಬಟ್ಟೆಯನ್ನೋ ಬೆರಳನ್ನೋ ಹಿಡಿದುಕೊಂಡಿದ್ದರೆ ಕಿತ್ತುಕೊಳ್ಳದೆ ಒಂದೊಂದೇ ಬೆರಳು ಬಿಡಿಸಬೇಕು. ತೆಗೆಯುವುದು ಒಂದು ಮಿಲಿಮೀಟರ್‌ನಷ್ಟು ತುದಿ, ಬಾಗಿದ ಮೊನೆ ಮಾತ್ರ. ಕಪ್ಪು ಉಗುರಾದರೆ ಕಟರ್ ಬದಲು ಉಗುರು ಉಜ್ಜುವ ಅರವೇ ವಾಸಿ. ಪೂರ್ತಿ ಗಿಡ್ಡ ಮಾಡುವ ಆಸೆ ಬೇಡ. ಮೊನೆಯೇ ಇಲ್ಲದ ಹಕ್ಕಿ ಕೊಂಬೆ ಹಿಡಿಯಲಾರದೆ ಜಾರಿ ಬೀಳುತ್ತದೆ. ಕೆಲವು ವಾರಗಳಿಗೊಮ್ಮೆ ಸ್ವಲ್ಪ ಸ್ವಲ್ಪವೇ ತೆಗೆಯುತ್ತಾ ಹೋದರೆ ಒಳಗಿನ ಜೀವಭಾಗವೂ ಕ್ರಮೇಣ ಹಿಂದೆ ಸರಿಯುತ್ತದೆ.

ಎಲ್ಲ ಎಂಟು ಉಗುರುಗಳನ್ನು ಒಂದೇ ಸಲಕ್ಕೆ ಮುಗಿಸಬೇಕೆಂಬ ನಿಯಮವೇನೂ ಇಲ್ಲ. ಎರಡು ಮೂರು ನಿಮಿಷ ಮೀರುವುದು ಸಲ್ಲ. ಹಕ್ಕಿ ಬಾಯಿ ತೆರೆದು ಏದುಸಿರು ಬಿಡತೊಡಗಿದರೆ, ಉಸಿರಿನೊಂದಿಗೆ ಬಾಲ ಮೇಲೆ ಕೆಳಗೆ ಆಡತೊಡಗಿದರೆ, ಕಣ್ಣು ಮುಚ್ಚಿ ಜೋತುಬಿದ್ದರೆ ಆ ಕ್ಷಣವೇ ಬಿಟ್ಟುಬಿಡಬೇಕು.

ರಕ್ತ ಬಂದರೆ ಬಟ್ಟೆ ಸುತ್ತಿ ಕೂರುವುದಲ್ಲ. ಕಾರ್ನ್‌ಫ್ಲೋರ್ ಅಥವಾ ಮೈದಾ ಹಿಟ್ಟನ್ನು ಮೊದಲೇ ಪಕ್ಕದಲ್ಲಿ ಇಟ್ಟುಕೊಂಡಿದ್ದು, ಚಿಟಿಕೆಯಷ್ಟನ್ನು ಉಗುರಿನ ತುದಿಗೆ ಒತ್ತಿ ಒಂದೆರಡು ನಿಮಿಷ ಹಿಡಿಯಬೇಕು. ನಡುನಡುವೆ ತೆಗೆದು ನೋಡಿದರೆ ಕಟ್ಟಿದ ಹೆಪ್ಪು ಕಿತ್ತುಬರುತ್ತದೆ. ಸಾಕುಪ್ರಾಣಿ ಅಂಗಡಿಗಳಲ್ಲಿ ರಕ್ತ ನಿಲ್ಲಿಸುವ ಪುಡಿ ಸಿಗುತ್ತದೆ. ಅದು ಉಗುರಿಗೆ ಮಾತ್ರ, ಅಂಗಾಲಿನ ಹುಣ್ಣಿಗೆ ತಾಗಿದರೆ ಚರ್ಮ ಸುಡುತ್ತದೆ. ಐದು ನಿಮಿಷದಲ್ಲಿ ರಕ್ತ ನಿಲ್ಲದಿದ್ದರೆ ಅದನ್ನು ತುರ್ತು ಸಂದರ್ಭವೆಂದೇ ಭಾವಿಸಬೇಕು.

ನೋವಿರುವ ಪಾದಕ್ಕೆ

ಅಂಗಾಲು ಕೆಂಪಾಗಿದ್ದು ಉಗುರೂ ಉದ್ದವಿದ್ದರೆ ಎರಡನ್ನೂ ಹಾಗೇ ಬಿಡುವಂತಿಲ್ಲ. ಉಗುರು ತೆಗೆಯದೆ ಅಂಗಾಲಿನ ಮೇಲಿನ ಭಾರ ಇಳಿಯುವುದಿಲ್ಲ. ಇಲ್ಲಿ ಅವಸರವೇ ಶತ್ರು. ದಿನಕ್ಕೆ ಒಂದೋ ಎರಡೋ ಉಗುರು, ಅದೂ ಕಡಿಮೆ ನೋವಿರುವ ಬೆರಳಿನಿಂದ ಆರಂಭ. ಅಂಗಾಲನ್ನು ಮುಟ್ಟದೆ, ಬೆರಳನ್ನು ಎರಡೂ ಪಕ್ಕದಿಂದ ಹಿಡಿಯಬೇಕು. ಕಟರ್ ಉಗುರನ್ನು ಹಿಸುಕಿ ಕತ್ತರಿಸುವಾಗ ಬೆರಳಿಗೆ ಜಗ್ಗಿದಂತಾಗುವುದರಿಂದ ಇಂತಹ ಹಕ್ಕಿಗೆ ಅರವೇ ಸೂಕ್ತ.

ಪಂಜರದಲ್ಲಿ ಕಡ್ಡಿಗಳನ್ನು ಕೆಳಗಿಳಿಸಿ, ಹಕ್ಕಿ ಮಲಗುವ ಕೊಂಬೆಗೆ ಅಂಟಿಲ್ಲದೆ ತನಗೆ ತಾನೇ ಹಿಡಿದುಕೊಳ್ಳುವ ಮೆತ್ತನೆ ಬ್ಯಾಂಡೇಜನ್ನು ಸುತ್ತಬಹುದು. ನೂಲು ಬಿಡುವ ಬಟ್ಟೆ ಸುತ್ತಿದರೆ ಎಳೆ ಬೆರಳಿಗೆ ಬಿಗಿದು ಬೆರಳನ್ನೇ ಕಳೆಯುತ್ತದೆ. ಒಂದು ಮೂಲೆಯಲ್ಲಿ ಚಪ್ಪಟೆ ಹಲಗೆ ಇಟ್ಟರೆ ಹಿಡಿತದ ಶ್ರಮವಿಲ್ಲದೆ ನಿಲ್ಲಲು ಜಾಗವಾಗುತ್ತದೆ. ಸುತ್ತಿದ್ದು ಹಿಕ್ಕೆಯಿಂದ ಕೊಳೆಯಾದ ದಿನವೇ ಬದಲಾಗಬೇಕು. ಮನೆಯಲ್ಲಿರುವ ಮುಲಾಮುಗಳ ಮೋಹ ಬೇಡ. ಜಿಡ್ಡು ಪುಕ್ಕಕ್ಕೆ ಅಂಟುತ್ತದೆ, ಹಕ್ಕಿ ಅದನ್ನು ನೆಕ್ಕುತ್ತದೆ. ಮರಗಟ್ಟಿಸುವ ಔಷಧ ಬೆರೆತ ಮುಲಾಮು ಸಣ್ಣ ಹಕ್ಕಿಗೆ ವಿಷವಾಗಬಲ್ಲದು. ಮನುಷ್ಯರ ನೋವಿನ ಮಾತ್ರೆಯಂತೂ ದೂರವೇ ಇರಲಿ.

ಹಿಡಿಯದೆಯೇ ಉಗುರು ಉಜ್ಜಲು ಕಲಿಸುವ ದಾರಿಯೂ ಇದೆ, ತಾಳ್ಮೆ ಇರುವವರಿಗೆ. ಗಿಳಿಗಳಿಗೆ ನವಣೆ ತೆನೆಯೆಂದರೆ ಪ್ರಾಣ. ಒಂದು ಕ್ಷಣ ಕಾಲಿನ ಬೆರಳನ್ನು ಮುಟ್ಟುವುದು, ಕೂಡಲೇ ತೆನೆ ಕೊಡುವುದು. ಎಳೆದುಕೊಂಡರೆ ಬಿಟ್ಟುಬಿಡುವುದು. ಕೆಲವು ದಿನಗಳಲ್ಲಿ ಒಂದು ಕ್ಷಣ ಮೂರು ಕ್ಷಣವಾಗುತ್ತದೆ, ಬೆರಳಿನ ಜಾಗಕ್ಕೆ ಅರ ಬರುತ್ತದೆ, ಒಂದು ಸಲ ಉಜ್ಜಿದರೆ ಒಂದು ಕಾಳು. ವಾರಗಳೇ ಹಿಡಿಯಬಹುದು. ಪಂಜರದ ಸರಳಿಗೆ ಹಕ್ಕಿ ಜೋತುಬಿದ್ದಾಗ ಹೊರಗೆ ಚಾಚಿದ ಉಗುರಿನ ತುದಿಯನ್ನು ಹೊರಗಿನಿಂದಲೇ ಉಜ್ಜಿಬಿಡುವ ಚಾಣಾಕ್ಷರೂ ಇದ್ದಾರೆ.

ಇಷ್ಟೆಲ್ಲ ಹೇಳಿದ್ದು ಸಾಕಲು ಕಾನೂನಿನ ಅಡ್ಡಿಯಿಲ್ಲದ ವಿದೇಶಿ ಮೂಲದ ಹಕ್ಕಿಗಳ ಕುರಿತು. ಕೊರಳಿನಲ್ಲಿ ಕೆಂಪು ಪಟ್ಟಿಯ ನಮ್ಮ ನಾಡಿನ ಹಸಿರು ಗಿಳಿಯನ್ನು ಪಂಜರದಲ್ಲಿಡುವುದು 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯಡಿ ಅಪರಾಧ. ಅಂತಹ ಗಿಳಿ ಗಾಯಗೊಂಡು ಸಿಕ್ಕಿದರೆ ಉಗುರು ಕತ್ತರಿಸುತ್ತಾ ಕೂರದೆ ಅರಣ್ಯ ಇಲಾಖೆಗೆ ತಿಳಿಸಬೇಕು.

ಹಕ್ಕಿಗಳನ್ನು ನೋಡುವ ವೈದ್ಯರು ಎಲ್ಲ ಊರುಗಳಲ್ಲಿ ಸಿಗುವುದು ಕಷ್ಟ. ಬೆಂಗಳೂರಿನ ಹೆಬ್ಬಾಳ, ಬೀದರ್, ಶಿವಮೊಗ್ಗ, ಹಾಸನಗಳಲ್ಲಿ ಪಶುವೈದ್ಯಕೀಯ ಕಾಲೇಜುಗಳಿದ್ದು, ಹತ್ತಿರದವರು ಅಲ್ಲಿ ವಿಚಾರಿಸಬಹುದು. ಉಳಿದವರು ಹೊರಡುವ ಮುನ್ನ ದೂರವಾಣಿಯಲ್ಲಿ ಹಕ್ಕಿ ನೋಡುತ್ತಾರೆಯೇ ಎಂದು ಕೇಳಿಕೊಳ್ಳುವುದು ಮೇಲು. ಹಕ್ಕಿಯನ್ನು ದೊಡ್ಡ ಪಂಜರ ಸಮೇತ ಆಟೊದಲ್ಲಿ ಕುಲುಕಿಸಿಕೊಂಡು ಹೋಗುವ ಬದಲು ಗಾಳಿಯಾಡುವ ಸಣ್ಣ ಪೆಟ್ಟಿಗೆಯಲ್ಲಿ ಮೆತ್ತನೆ ಬಟ್ಟೆ ಹಾಸಿ, ಅರೆ ಬೆಳಕಿರುವಂತೆ ಮುಚ್ಚಿ ಒಯ್ಯಬೇಕು. ಪಂಜರದಲ್ಲಿದ್ದ ಕಡ್ಡಿಯೊಂದನ್ನೂ ದಿನವೂ ಹಾಕುವ ಕಾಳಿನ ಒಂದು ಹಿಡಿಯನ್ನೂ ಜೊತೆಗೆ ಕೊಂಡೊಯ್ದರೆ, ಕಾಲು ನೋಯುತ್ತಿರುವುದೇಕೆ ಎಂದು ಪತ್ತೆ ಮಾಡಲು ವೈದ್ಯರಿಗೆ ಅರ್ಧ ಕೆಲಸ ಕಡಿಮೆಯಾಗುತ್ತದೆ.